ಗ್ಲೆನ್‌ಬಾರ್ ಶಿಂಟಿ ಕ್ಲಬ್ಬಿನ ಆಯುಧಪೂಜೆ

ನಮ್ಮ ಗ್ಲೆನ್‌ಬಾರ್ ಶಿಂಟಿ ಕ್ಲಬ್ಬಿನ ಇತಿಹಾಸ ಬರೆದುಕೊಡು ಎಂದು ಎಲ್ಲರೂ ನನ್ನ ಜೀವ ತಿನ್ನುತ್ತಿದ್ದಾರೆ. ಕಾರ್ಯದರ್ಶಿ ನಾನೇ ಆದ್ದರಿಂದ ತಪ್ಪಿಸಿಕೊಳ್ಳುವ ಹಾಗಿಲ್ಲ. ಕ್ಲಬ್ಬಿಗೆ ನೂರು ವರ್ಷ ದಾಟಿದೆ, ಆದರೆ ಅದರಲ್ಲಿ ಬಹುಪಾಲು ವರ್ಷ ಹೇಳಿಕೊಳ್ಳುವಂಥದ್ದೇನೂ ನಡೆದಿಲ್ಲ. ಸ್ಕಾಟ್ಲೆಂಡಿನಿಂದ ಕೆನಡಾಕ್ಕೆ ಬಂದು ಇಲ್ಲಿ ನೆಲೆನಿಂತ ರೈತರು ತುದಿ ಬಾಗಿದ ಕೋಲು ಹಿಡಿದು ಗಟ್ಟಿ ಚೆಂಡನ್ನು ಬಡಿದರು, ಚೆಂಡು ಸಿಗದಾಗ ಒಬ್ಬರ ಮೊಣಕಾಲನ್ನು ಇನ್ನೊಬ್ಬರು ಬಡಿದರು, ಮನೆಗೆ ಹೋಗಿ ಕುಡಿದು ಮಲಗಿದರು. ಶಿಂಟಿ ಎಂದರೆ ಇಷ್ಟೇ. ಹಾಕಿಯಂಥದ್ದೇ ಆಟ, ಮರ್ಯಾದೆ ಸ್ವಲ್ಪ ಕಮ್ಮಿ.

ನಿಜವಾದ ಇತಿಹಾಸ ಶುರುವಾಗುವುದು ಭೀಮಣ್ಣನವರಿಂದ. ಅಷ್ಟರಲ್ಲಿ ಮಿಲ್ಟನ್ ಪಟ್ಟಣ ಬೆಳೆದು ಗ್ಲೆನ್‌ಬಾರ್ ಹಳ್ಳಿಯನ್ನು ನುಂಗಿ, ಹೊಲಗಳಲ್ಲೆಲ್ಲ ಒಂದೇ ಅಚ್ಚಿನ ಮನೆಗಳು ಎದ್ದಿದ್ದವು. ಮೈದಾನದಲ್ಲಿ ಉಳಿದಿದ್ದವರು ಆಂಗಸ್ ಎಂಬ ಮುದುಕ ಮತ್ತು ಅವನ ಇಬ್ಬರು ಗೆಳೆಯರು. ಭೀಮಣ್ಣ ಹುಬ್ಬಳ್ಳಿಯ ಬಸ್ ಡಿಪೋದಲ್ಲಿ ಮೆಕ್ಯಾನಿಕ್ ಆಗಿದ್ದು ನಿವೃತ್ತರಾದವರು. ಮಗನ ಮನೆಗೆ ಬಂದು ಬೇಸ್‌ಮೆಂಟಿನಲ್ಲಿ ಕೂತು ಕೂತು ಬೇಸತ್ತು, ಒಂದು ಸಂಜೆ ವಾಕಿಂಗ್ ಹೊರಟಾಗ ಈ ಮುದುಕರನ್ನು ಕಂಡರು. ಚಿನ್ನಿದಾಂಡು ಆಡಿ ಬೆಳೆದ ಕೈ, ಕೋಲು ಕಂಡರೆ ಸುಮ್ಮನಿರುತ್ತದೆಯೇ? ಒಂದು ಕೋಲು ಇಸಿದುಕೊಂಡು ಬೀಸಿದರು. ಚೆಂಡು ಆಂಗಸ್‌ನ ಟ್ರಕ್ಕಿನ ಗಾಜು ಒಡೆದು ಡ್ರೈವರ್ ಸೀಟಿನಲ್ಲಿ ಹೋಗಿ ಕೂತಿತು. ಆಂಗಸ್ ಗಾಜಿನ ಕಡೆ ನೋಡಲೇ ಇಲ್ಲ. ಭೀಮಣ್ಣನ ತೋಳು ನೋಡಿದ, ನಿಂತಲ್ಲೇ ಸದಸ್ಯತ್ವ ಕೊಟ್ಟ.

ಆಮೇಲೆ ಭೀಮಣ್ಣ ಮನೆಮನೆಗೆ ಹೋಗಿ ಜನ ಹಿಡಿದರು. ಲ್ಯಾಪ್‌ಟಾಪಿಗಿಂತ ಭಾರದ್ದೇನನ್ನೂ ಎತ್ತದ ಬೆಂಗಳೂರಿನ ಸಾಫ್ಟ್‌ವೇರ್ ಗಂಡಸರು, ಕಾಫಿ ಅಂಗಡಿಯ ಶಿಫ್ಟು ಮುಗಿಸಿ ಯೂನಿಫಾರ್ಮಿನಲ್ಲೇ ಓಡಿಬರುವ ಕಾಲೇಜು ವಿದ್ಯಾರ್ಥಿಗಳು, ಎಲ್ಲರೂ ಸೇರಿ ಹನ್ನೆರಡು ಮಂದಿಯ ತಂಡವಾಯಿತು. ಓಡುವ ಅಗತ್ಯವಿಲ್ಲ, ಸುಮ್ಮನೆ ನಿಂತರೆ ಸಾಕು ಎಂದು ಪುಸಲಾಯಿಸಿ ನನ್ನನ್ನು ಗೋಲ್‌ಕೀಪರ್ ಮಾಡಿದರು. ಸುಮ್ಮನೆ ನಿಂತವಳ ಮೇಲೆ ಚೆಂಡು ಬರುತ್ತದೆ ಎಂಬುದನ್ನು ಯಾರೂ ಹೇಳಲಿಲ್ಲ.

ಈಗ ಮುಖ್ಯ ವಿಷಯ. ಈ ಮೈದಾನವನ್ನು ಟೌನಿಗೆ ದಾನ ಕೊಟ್ಟವನು ಆಂಗಸ್‌ನ ತಾತ. ಪ್ರತಿವರ್ಷ ಅಕ್ಟೋಬರಿನ ಥ್ಯಾಂಕ್ಸ್‌ಗಿವಿಂಗ್ ಹಬ್ಬದ ಶನಿವಾರ ಇಲ್ಲಿ ಕೋಲು ಹಿಡಿದು ಒಂದು ಶಿಂಟಿ ಪಂದ್ಯ ಆಡಲೇಬೇಕು, ಒಂದು ವರ್ಷ ತಪ್ಪಿದರೂ ಜಾಗವನ್ನು ಟೌನಿನವರು ಏನು ಬೇಕಾದರೂ ಮಾಡಬಹುದು ಎಂಬುದು ಅವನ ಷರತ್ತು. ಅದು ಎಲ್ಲರಿಗೂ ಗೊತ್ತಿತ್ತು. ಅಲ್ಲಿ ಪಾರ್ಕಿಂಗ್ ಲಾಟ್ ಮಾಡುವ ಮಾತು ಎದ್ದಿರುವುದೂ ಗೊತ್ತಿತ್ತು. ಮೈದಾನ ಹೋದರೆ ತಾನು ಹುಬ್ಬಳ್ಳಿಗೆ ವಾಪಸ್ ಎಂದು ಭೀಮಣ್ಣ ಮಗನಿಗೆ ಹೇಳಿಬಿಟ್ಟಿದ್ದರು. ಅವರು ಹೇಳಿದರೆ ಹೇಳಿದ ಹಾಗೆ ಮಾಡುವವರು. ಅವರು ಹೋದರೆ ನಮ್ಮ ಬೀದಿ ಎಷ್ಟು ಸಪ್ಪೆಯಾಗುತ್ತದೆಂದು ನೆನೆದು ನನಗೆ ಸಂಕಟವಾಗುತ್ತಿತ್ತು.

ಕಳೆದ ಸಲ ಆ ಶನಿವಾರವೇ ಮಹಾನವಮಿ ಬಿತ್ತು. ನನ್ನ ಅತ್ತೆ ಲೀಲಮ್ಮ ಮೈಸೂರಿನವರು. ಸೌಟಿನಿಂದ ಹಿಡಿದು ವ್ಯಾಕ್ಯೂಮ್ ಕ್ಲೀನರಿನವರೆಗೆ ಮನೆಯಲ್ಲಿ ಅವರಿಂದ ಕುಂಕುಮ ಹಚ್ಚಿಸಿಕೊಳ್ಳದ ವಸ್ತುವಿಲ್ಲ. ಬೆಳಿಗ್ಗೆಯೇ ಮೈದಾನದ ಬದಿಯಲ್ಲಿ ಮಡಚುವ ಮೇಜು ಹಾಕಿಸಿ, ನಮ್ಮ ಹನ್ನೆರಡು ಕೋಲನ್ನೂ ತೊಳೆದು ಜೋಡಿಸಿ, ಅರಿಶಿನ ಕುಂಕುಮ ಹಚ್ಚಿ, ಚೆಂಡುಹೂವಿನ ಹಾರ ಹಾಕಿದರು. ನಮ್ಮವರೆಲ್ಲ ಫೋಟೋ ತೆಗೆದು ವಾಟ್ಸಾಪಿಗೆ ಹಾಕುವುದರಲ್ಲಿ ಮುಳುಗಿದ್ದರು. ಅಷ್ಟರಲ್ಲಿ ಪಕ್ಕದ ಹಳ್ಳಿಯ ತಂಡ ಬಂತು. ಮನೆಗೆ ಬಂದವರ ಆಯುಧವನ್ನು ಬಿಟ್ಟು ಪೂಜೆ ಮಾಡಿದರೆ ಚೆನ್ನಾಗಿರುತ್ತದೆಯೇ ಎಂದು ಅತ್ತೆ ಅವರ ಕೋಲುಗಳನ್ನೂ ಇಸಿದುಕೊಂಡರು. ಅವರು ಖುಷಿಯಿಂದ ಕೊಟ್ಟು, ಕಾರುಗಳಿಗೂ ಕುಂಕುಮ ಇಡಿಸಿಕೊಂಡು, ಚಕ್ರದಡಿ ನಿಂಬೆಹಣ್ಣು ಇಡಿಸಿಕೊಂಡು, ಕಡಲೆಪುರಿ ಮುಕ್ಕುತ್ತ ನಿಂತರು. ಪಂದ್ಯ ನಡೆಯಿತೋ ಇಲ್ಲವೋ ನೋಡಿ ವರದಿ ಮಾಡಲು ಟೌನಿನಿಂದ ಬಂದಿದ್ದ ಹೆಂಗಸಿಗೂ ಒಂದು ಪೊಟ್ಟಣ ಸಿಕ್ಕಿತು.

ಆಟದ ಹೊತ್ತಾಯಿತು. ನಾನು ಕೋಲಿಗೆ ಕೈ ಹಾಕಿದೆ. ಅತ್ತೆ ನನ್ನ ಕೈ ಹಿಡಿದರು.

"ಪೂಜೆಗಿಟ್ಟಿದ್ದನ್ನ ಇವತ್ತು ಮುಟ್ಬಾರ್ದು ಕಣೇ. ನಾಳೆ ಕದಲಿಸ್ತೀನಿ, ಆಮೇಲೆ ಎಷ್ಟು ಬೇಕಾದ್ರೂ ಹೊಡ್ಕೊಳ್ಳಿ."

ಕಾರುಗಳನ್ನು ಪೂಜೆಯಾದ ಕೂಡಲೇ ಓಡಿಸುತ್ತೇವಲ್ಲ ಎಂದು ನಾನು ವಾದಿಸಿದೆ. ಅದು ವಾಹನ, ನಿಂಬೆಹಣ್ಣಿನ ಮೇಲೆ ಓಡಿಸಲೇಬೇಕು, ಕೋಲು ಆಯುಧ, ಎತ್ತಲೇಬಾರದು ಎಂದರು. ಈ ತರ್ಕದ ಮುಂದೆ ನಾನು ಎಂದೂ ಗೆದ್ದವಳಲ್ಲ. ಭೀಮಣ್ಣನಾದರೂ ನನ್ನ ಪರ ನಿಲ್ಲಲಿ ಎಂದು ಅವರ ಮುಖ ನೋಡಿದೆ. ಅವರು ತಲೆ ತಗ್ಗಿಸಿದ್ದರು.

"ಅಕ್ಕಾರು ಹೇಳೋದು ಖರೇ ಐತಿ, ತೃಪ್ತವ್ವ. ಡಿಪೋದಾಗ ಖಂಡೇನವಮಿ ದಿನ ನಾ ಒಂದು ಪಾನಾ ಸೈತ ಎತ್ತಿಲ್ಲ. ಈಗ ನನ್ನ ಮೈದಾನ ಉಳೀಲಿ ಅಂತ ಹೆಂಗ ಎತ್ತಲಿ? ಊರಿಗೆ ಹೊಕ್ಕೀನಿ ಬಿಡು."

ಆಂಗಸ್‌ಗೆ ಇದನ್ನೆಲ್ಲ ಇಂಗ್ಲಿಷಿನಲ್ಲಿ ವಿವರಿಸಬೇಕಾದ ಕರ್ಮ ನನ್ನದಾಯಿತು. ಅವನು ಟೋಪಿ ತೆಗೆದು ಹಿಡಿದುಕೊಂಡು, ದೇವರ ವಿಷಯವಾದರೆ ದೇವರ ವಿಷಯವೇ ಸರಿ ಎಂದ. ಎದುರು ತಂಡದವರೂ ಕುಂಕುಮ ಇಟ್ಟ ತಮ್ಮ ಕೋಲುಗಳನ್ನು ಮುಟ್ಟಲು ಹೆದರಿದರು. ಟೌನಿನ ಹೆಂಗಸು ಕಡಲೆಪುರಿ ಮುಗಿಸಿ ಗಡಿಯಾರ ನೋಡಿದಳು. ನನಗೆ ಅಳು ಬರುವುದರಲ್ಲಿತ್ತು, ಜೊತೆಗೆ ಅತ್ತೆಯ ಮೇಲೆ ಕೆಂಡದಂಥ ಸಿಟ್ಟು.

ಅತ್ತೆಗೆ ಅದರ ಪರಿವೆಯೇ ಇಲ್ಲ. ದೃಷ್ಟಿ ತೆಗೆದು ಮೈದಾನದ ನಡುವೆ ಒಡೆದಿದ್ದ ಬೂದುಗುಂಬಳಕಾಯಿಯ ಚೂರುಗಳ ಮೇಲೆ ಯಾರಾದರೂ ಕಾಲು ಜಾರಿ ಬಿದ್ದಾರು ಎಂಬ ಚಿಂತೆ ಅವರದು. ಗುಡಿಸಲು ಪೊರಕೆ ಇರಲಿಲ್ಲ. ನನ್ನ ಕಾರಿನ ಡಿಕ್ಕಿ ತೆಗೆದು, ಚಳಿಗಾಲದಲ್ಲಿ ಗಾಜಿನ ಮೇಲಿನ ಹಿಮ ಗುಡಿಸುವ ಉದ್ದ ಹಿಡಿಯ ಸ್ನೋ ಬ್ರಶ್ ತಂದು ಗುಡಿಸತೊಡಗಿದರು. ದಾರಿಗೆ ಒಂದು ನಿಂಬೆಹಣ್ಣು ಅಡ್ಡ ಬಂತು. ಅತ್ತೆ ಸೀರೆಯ ನೆರಿಗೆ ಎತ್ತಿ ಹಿಡಿದು ಅದನ್ನೊಂದು ಬಾರಿಸಿದರು. ನಿಂಬೆಹಣ್ಣು ಹಾರಿ ನೆಟ್ಟಗೆ ಗೋಲಿನೊಳಗೆ ಹೋಯಿತು.

ಭೀಮಣ್ಣ ಮೆಲ್ಲಗೆ ಹತ್ತಿರ ಹೋಗಿ ಕೇಳಿದರು.

"ಅಕ್ಕಾರ, ಅದಕ್ಕ ಪೂಜಿ ಆಗೇತೇನ್ರಿ?"

"ಇದಕ್ಯಾತಕ್ಕೆ ಭೀಮಣ್ಣೋರೇ? ಸ್ನೋನೇ ಇನ್ನೂ ಬಿದ್ದಿಲ್ವಲ್ಲ."

ಕೆನಡಾದಲ್ಲಿ ಸ್ನೋ ಬ್ರಶ್ ಇಲ್ಲದ ಕಾರಿಲ್ಲ. ಕ್ಷಣಮಾತ್ರದಲ್ಲಿ ಎಲ್ಲ ಡಿಕ್ಕಿಗಳೂ ತೆರೆದುಕೊಂಡವು. ಇದು ಕೋಲಾಗುತ್ತದೆಯೇ ಎಂದು ಟೌನಿನ ಹೆಂಗಸು ಅನುಮಾನಿಸಿದಾಗ ಆಂಗಸ್ ಎದೆ ಸೆಟೆಸಿ, ಕೋಲಿರಬೇಕು ಎಂದಿದ್ದನೇ ಹೊರತು ಅದರ ತುದಿಯಲ್ಲಿ ಬ್ರಶ್ ಇರಬಾರದು ಎಂದು ತನ್ನ ತಾತ ಎಲ್ಲೂ ಹೇಳಿಲ್ಲ ಎಂದ. ಆಕೆ ಸ್ವಲ್ಪ ಯೋಚಿಸಿ, ನಗು ತಡೆದುಕೊಂಡು, ಶುರು ಮಾಡಿ ಎಂದಳು.

ಅಂಥ ಕೆಟ್ಟ ಶಿಂಟಿಯನ್ನು ಯಾರೂ ಆಡಿರಲಾರರು. ಚೆಂಡು ಹಾರಲಿಲ್ಲ, ಬರೀ ಉರುಳಿತು. ಬ್ರಶ್ಶಿನ ಕೂದಲು ಮೈದಾನದ ತುಂಬ ಉದುರಿತು. ಕೊನೆಗೆ ಭೀಮಣ್ಣ ಚೆಂಡನ್ನು ಮನೆಯ ಕಸ ಗುಡಿಸುವಂತೆ ಗುಡಿಸಿಕೊಂಡೇ ಹೋಗಿ ಗೋಲಿಗೆ ತಳ್ಳಿದರು. ಗೆದ್ದೆವು. ಪಂದ್ಯ ನಡೆದಿದೆ ಎಂದು ಟೌನಿನ ಹೆಂಗಸು ಎಲ್ಲರ ಕೈ ಕುಲುಕಿ ಹೋದಳು. ಭೀಮಣ್ಣ ಹುಲ್ಲಿನ ಮೇಲೆ ಕೂತು ಕಣ್ಣೊರೆಸಿಕೊಂಡರು. ನಾನೂ ಒರೆಸಿಕೊಂಡೆ, ಸುಳ್ಳೇಕೆ ಹೇಳಲಿ.

ಇತಿಹಾಸ ಇಲ್ಲಿಗೆ ಮುಗಿಯಬೇಕಿತ್ತು. ಆದರೆ ನಾವು ಕುಣಿಯುತ್ತಿದ್ದಾಗ ಅತ್ತೆ ಎರಡೂ ತಂಡಗಳ ಬ್ರಶ್ಶುಗಳನ್ನು ಒಟ್ಟು ಮಾಡಿದ್ದರು. ಇಷ್ಟು ದುಡಿದ ಆಯುಧವನ್ನು ಹಾಗೇ ಬಿಡುವುದು ಪಾಪವೆಂದು ತೊಳೆದು, ಕುಂಕುಮ ಹಚ್ಚಿ, ಎಲ್ಲವನ್ನೂ, ಮುಟ್ಟದೆ ಮೇಜು ಸಮೇತ ಹೊರಿಸಿ ತಂದ ಕೋಲುಗಳ ಜೊತೆ ನಮ್ಮ ಗರಾಜಿನಲ್ಲಿ ಪೂಜೆಗಿಟ್ಟರು.

ಆ ರಾತ್ರಿಯೇ ವರ್ಷದ ಮೊದಲ ಐಸ್ ಕಟ್ಟಿತು. ಬೆಳಗಾದರೆ ನನಗೆ ವಾನ್ ಎಂಬ ಊರಿನ ವೇರ್‌ಹೌಸಿನಲ್ಲಿ ಭಾನುವಾರದ ಶಿಫ್ಟು. ಕಾರಿನ ಗಾಜು ಬೆಳ್ಳಗೆ ಕಲ್ಲಾಗಿದೆ, ಅತ್ತೆಗೆ ಇನ್ನೂ ಸ್ನಾನವೇ ಆಗಿಲ್ಲ, ಪೂಜೆ ಕದಲಿಸುವುದು ಯಾವ ಕಾಲಕ್ಕೋ. ಶಪಿಸುತ್ತ ಕ್ಲಬ್ಬಿನ ಸದಸ್ಯತ್ವದ ಕಾರ್ಡಿನಿಂದ ಐಸ್ ಕೆರೆಯುತ್ತ ನಿಂತೆ. ಬೀದಿಯುದ್ದಕ್ಕೂ ನಮ್ಮ ಇಡೀ ತಂಡ ಅದೇ ಕೆಲಸದಲ್ಲಿತ್ತು.

ಭೀಮಣ್ಣನಿಗೆ ಕಾರಿಲ್ಲ. ಮಂಕಿ ಕ್ಯಾಪ್ ಹಾಕಿಕೊಂಡು ನಮ್ಮನ್ನೆಲ್ಲ ದಾಟಿ ನಡೆದುಹೋಗುತ್ತಿದ್ದರು. ಇಷ್ಟು ಬೆಳಿಗ್ಗೆ, ಕೋಲೂ ಇಲ್ಲದೆ ಎಲ್ಲಿಗೆ ಕಾಕಾ ಎಂದು ಸಿಡುಕಿದೆ.

"ಎಲ್ಲಿಗೂ ಇಲ್ಲವ್ವಾ," ಎಂದರು. "ಮೈದಾನ ಐತೋ ಇಲ್ಲೋ ನೋಡಿ ಬರ್ತೀನಿ."