ಕ್ಯಾಸ್ಮಿರನ ಸಾಕ್ಷಿ

ಪ್ಯಾಟ್ರಿಷಿಯಾಳ ಮಗು ಏಳನೇ ತಿಂಗಳಿಗೇ ಹುಟ್ಟಿತು, ಸತ್ತೇ ಹುಟ್ಟಿತು. ಅದರ ಮರುವರ್ಷ, 2004ರಲ್ಲಿ, ಅವಳು ಗ್ಲಾಡ್ವಿನ್ ಸರ್ ಮನೆಯ ಪ್ರಾರ್ಥನಾ ಕೂಟಕ್ಕೆ ಹೋಗತೊಡಗಿದಳು.

ಅವರಿದ್ದ ಒಮಾನಿನ ನಿಜ್ವಾದಲ್ಲಿ ಇಗರ್ಜಿ ಇರಲಿಲ್ಲ. ಪೂಜೆಗೆ ಹೋಗಬೇಕೆಂದರೆ ಮಸ್ಕತ್ತಿನ ಬೌಷರ್‌ವರೆಗೆ ಕಾರು ಓಡಿಸಬೇಕು. ಮಗುವನ್ನು ಮಸ್ಕತ್ತಿನಲ್ಲಿ ಮಣ್ಣು ಮಾಡಿ ಬಂದ ಮೇಲೆ ಗಂಡ ಕ್ಯಾಸ್ಮಿರ್ ಆ ದಾರಿ ಹಿಡಿಯಲೇ ಇಲ್ಲ. ಅವನು ಕಾರು ಮಾರುವ ಕಂಪನಿಯಲ್ಲಿ ಅಕೌಂಟೆಂಟ್, ಅವಳು ಖಾಸಗಿ ಕ್ಲಿನಿಕ್ಕಿನ ರಿಸೆಪ್ಷನ್ನಿನಲ್ಲಿ. ಕಿನ್ನಿಗೋಳಿ ಕಡೆಯ ಕೊಂಕಣಿ ಕಥೋಲಿಕರಾದ ಅವರಿಬ್ಬರ ನಡುವೆ ಆ ವರ್ಷ ಹೆಚ್ಚು ಮಾತಿರಲಿಲ್ಲ. ಒಮ್ಮೆ ಕ್ಲಿನಿಕ್ಕಿಗೆ ಬಂದಿದ್ದ ಗ್ಲಾಡ್ವಿನ್ ಸರ್ ಹೆಂಡತಿ ಡೀನಾ, "ಶುಕ್ರವಾರ ಸುಮ್ಮನೆ ಬಂದು ಕೂತ್ಕೊಳ್ಳಿ, ಸ್ವಲ್ಪ ಹಗುರ ಆಗ್ತದೆ" ಎಂದು ಕರೆದಿದ್ದಳು.

ಗ್ಲಾಡ್ವಿನ್ ಸರ್ ಇಂಡಿಯನ್ ಸ್ಕೂಲಿನಲ್ಲಿ ಚರಿತ್ರೆ ಪಾಠ ಮಾಡುವವರು. ಉಡುಪಿಯವರು. ಅವರ ಮುತ್ತಜ್ಜನ ಕಾಲಕ್ಕೇ ಮನೆಯವರು ಪ್ರೊಟೆಸ್ಟಂಟ್ ಮಿಷನ್ ಸಭೆಗೆ ಸೇರಿದ್ದರು. ಶುಕ್ರವಾರ ಸಂಜೆ ಅವರ ಹಾಲಿನಲ್ಲಿ ಹತ್ತು ಹದಿನೈದು ಜನ ಸೇರುತ್ತಿದ್ದರು. ಕಿಟಕಿ ಮುಚ್ಚಿ, ಎ.ಸಿ. ಜೋರು ಮಾಡಿ, ನೆರೆಯವರಿಗೆ ಕೇಳದ ಹಾಗೆ ಮೆಲ್ಲಗೆ ಹಾಡುತ್ತಿದ್ದರು. ಹಾಡಾದ ಮೇಲೆ ಸರ್ ಚರಿತ್ರೆ ಹೇಳುತ್ತಿದ್ದರು. ಹೇಳುವಾಗ ಅವರ ಕಣ್ಣು ಹೊಳೆಯುತ್ತಿತ್ತು.

"ಇನ್ನೂರೈವತ್ತು ವರ್ಷದ ಮೇಲಾಯ್ತು. ಇಂಗ್ಲೆಂಡಿನಲ್ಲಿ ನಮ್ಮ ಮೊದಲಿನ ಬೋಧಕರಿಗೆ ದೇವಾಲಯದ ಬಾಗಿಲು ಮುಚ್ಚಿದ್ರು. ಅವ್ರು ಎಂತ ಮಾಡಿದ್ರು? ಬಯಲಿಗೆ ಹೋದ್ರು! ಗಣಿಯಿಂದ ಬಂದವರು ಕಲ್ಲಿದ್ದಲ ಮಸಿಯಲ್ಲೇ ನಿಂತು ಕೇಳಿದ್ರು. ಅವ್ರು ಅಳ್ತಿದ್ದಾರೆ ಅಂತ ಹೇಗೆ ಗೊತ್ತಾಯ್ತು ಹೇಳಿ? ಕಪ್ಪು ಕೆನ್ನೆ ಮೇಲೆ ಬಿಳಿ ಗೆರೆ ಬಿದ್ದಿತ್ತು."

ಆ ಗೆರೆಗಳು ಪ್ಯಾಟ್ರಿಷಿಯಾಳ ಕಣ್ಣಿಗೆ ಕಟ್ಟಿದಂತಾಗುತ್ತಿತ್ತು. ಮೊದಲಿನವರು ಕಲ್ಲೇಟು ತಿಂದದ್ದು, ಹುಟ್ಟಿನಿಂದಲ್ಲ, ಮನಸ್ಸು ತಿರುಗಿದ್ದರಿಂದಷ್ಟೇ ಮನುಷ್ಯ ಕ್ರೈಸ್ತನಾಗುತ್ತಾನೆ ಎಂದು ಸಾರಿದ್ದು, ಸಣ್ಣ ಸಣ್ಣ ಗುಂಪು ಮಾಡಿಕೊಂಡು ಒಬ್ಬರ ಪಾಪ ಇನ್ನೊಬ್ಬರಿಗೆ ಹೇಳಿಕೊಂಡದ್ದು, ಎಲ್ಲವನ್ನೂ ಸರ್ ವಿವರಿಸುತ್ತಿದ್ದರು. ಆ ಗುಂಪುಗಳಲ್ಲಿ ಕೇಳುತ್ತಿದ್ದ ಒಂದು ಪ್ರಶ್ನೆಯನ್ನು ಸರ್ ತಮ್ಮ ಕೂಟದಲ್ಲೂ ಕೇಳುತ್ತಿದ್ದರು.

"ಮುಚ್ಚಿಡಬೇಕು ಅನ್ನಿಸುವಂಥದ್ದು ಎಂತಾದ್ರೂ ಉಂಟಾ?"

ಮಳೆಯಿಲ್ಲದ ಒಂದು ಚಳಿಗಾಲದ ಶುಕ್ರವಾರ ಆ ಪ್ರಶ್ನೆ ಅವಳ ಮುಂದೆ ಬಂತು. ಅವಳು ಹೇಳಿಬಿಟ್ಟಳು. ಬಸುರಿಯಾಗಿದ್ದಾಗ ಡಾಕ್ಟರು ಮಲಗಿಯೇ ಇರಬೇಕು ಎಂದಿದ್ದರು. ಕ್ಲಿನಿಕ್ಕಿನ ಕೆಲಸ ಆಗಷ್ಟೇ ಸಿಕ್ಕಿತ್ತು, ಬಿಡಲು ಮನಸ್ಸಿರಲಿಲ್ಲ. ಡಾಕ್ಟರು ಹೇಳಿದ್ದನ್ನು ಗಂಡನಿಂದ ಮುಚ್ಚಿಟ್ಟು ಕೆಲಸಕ್ಕೆ ಹೋದಳು. ಈ ಮಗು ಈಗಲೇ ಯಾಕೆ ಬಂತು ಎಂದು ಒಂದೆರಡು ಸಲ ಅಂದುಕೊಂಡದ್ದೂ ಉಂಟು.

ಹೆಂಗಸರು ಅವಳನ್ನು ತಬ್ಬಿಕೊಂಡು ಅತ್ತರು. ಆ ವಾರವೆಲ್ಲ ಅವಳಿಗೆ ಚೆನ್ನಾಗಿ ನಿದ್ದೆ ಬಂತು. ಕ್ಯಾಸ್ಮಿರನನ್ನೂ ಒಮ್ಮೆ ಕರೆದುಕೊಂಡು ಬಾ ಎಂದು ಸರ್ ಹೇಳಿದಾಗ ಅವಳು ಸಂತೋಷದಿಂದಲೇ ಒಪ್ಪಿದಳು. ಅವನನ್ನು ಬೇಡಿ, ಕಾಡಿ, ಅವನ ಬಿಳಿ ಷರ್ಟಿಗೆ ತಾನೇ ಇಸ್ತ್ರಿ ಹಾಕಿ ಕರೆತಂದಳು.

ಹಾಡು ಮುಗಿಯಿತು. ಗ್ಲಾಡ್ವಿನ್ ಸರ್ ಅವಳ ಕಡೆ ತಿರುಗಿದರು.

"ಪ್ಯಾಟ್ರಿಷಿಯಾ, ಆ ದಿನ ನಮಗೆ ಹೇಳಿದ್ದನ್ನು ಗಂಡನ ಎದುರು ಹೇಳಮ್ಮ."

"ಸರ್, ಇವತ್ತು ಬೇಡ. ನಾನೇ ಮನೆಯಲ್ಲಿ ಹೇಳ್ತೇನೆ."

"ಮೊದಲಿನವರು ನಾಳೆ ಅಂತ ಹೇಳ್ಲಿಲ್ಲ."

"ದಮ್ಮಯ್ಯ ಸರ್."

ಸರ್ ಪಾಠ ಹೇಳುವ ಅದೇ ಸ್ವರದಲ್ಲಿ ಎಲ್ಲವನ್ನೂ ತಾವೇ ಹೇಳಿದರು. ಡಾಕ್ಟರು ಹೇಳಿದ್ದು, ಅವಳು ಮುಚ್ಚಿಟ್ಟದ್ದು, ಅಂದುಕೊಂಡದ್ದು. ಒಂದನ್ನೂ ಬಿಡಲಿಲ್ಲ. ಕ್ಯಾಸ್ಮಿರ್ ಎದ್ದು ಹೋಗಲಿಲ್ಲ, ಕೂಗಲೂ ಇಲ್ಲ. ಅಂಗೈಗಳನ್ನು ಮೊಣಕಾಲ ಮೇಲೆ ಊರಿ ಕೊನೆಯವರೆಗೆ ಕೇಳಿದ. ಮನೆಗೆ ಬಂದ ಮೇಲೆ ಕಿನ್ನಿಗೋಳಿಗೆ ಫೋನ್ ಹಚ್ಚಿ ಅವಳ ಕೈಗಿಟ್ಟ.

"ಅಮ್ಮನಿಗೆ ಹೇಳು. ಅಲ್ಲಿ ಹೇಳಿದ ಹಾಗೆಯೇ ಹೇಳು."

ಅತ್ತೆಗೆ ಸರಿಯಾಗಿ ಕೇಳಿಸಲಿಲ್ಲ. ಅವಳು ಎರಡು ಸಲ ಹೇಳಬೇಕಾಯಿತು.

ಅವನು ಊರಿಗೆ ಅಟ್ಟುತ್ತಾನೆ ಎಂದು ಅವಳು ಬಟ್ಟೆ ಮಡಚಿಟ್ಟುಕೊಂಡಳು. ಅವನು ಅಟ್ಟಲಿಲ್ಲ. ಮುಂದಿನ ಶುಕ್ರವಾರ ಅವಳಿಗಿಂತ ಮೊದಲೇ ಕಾರಿನಲ್ಲಿ ಕೂತು ಹಾರ್ನ್ ಹೊಡೆದ. ಕೆಲವೇ ವಾರಗಳಲ್ಲಿ ತಾನು ಹೊಸದಾಗಿ ಹುಟ್ಟಿದೆನೆಂದು ಎದ್ದುನಿಂತು ಸಾಕ್ಷಿ ಹೇಳಿದ.

"ನನ್ನ ಮಗುವನ್ನು ತಿಂದವಳು ಇಲ್ಲೇ ಕೂತಿದ್ದಾಳೆ. ಪ್ಯಾಟ್ರಿಷಿಯಾ, ನಿಂತ್ಕೋ. ಎಲ್ರೂ ನೋಡಿ. ಇವಳನ್ನು ದಿನಾ ಎದುರು ಕೂರಿಸಿಕೊಂಡು ಊಟ ಮಾಡ್ತೇನೆ. ಇವಳು ಬಡಿಸಿದ್ದನ್ನೇ ತಿಂತೇನೆ. ಕ್ಷಮಿಸುವ ಶಕ್ತಿ ಕೊಟ್ಟದ್ದು ಕರ್ತನು."

ಜನ ಕಣ್ಣೊರೆಸಿಕೊಂಡರು. ಆ ಸಾಕ್ಷಿಯ ಸುದ್ದಿ ಹಬ್ಬಿತು. ಇಬ್ರಾದ ಕೂಟದವರು ಕರೆದರು, ಬೌಷರ್‌ನ ಕೂಟದವರು ಕರೆದರು. ಇಗರ್ಜಿಗೆ ತಿರುಗದ ಕಾರು ಈಗ ವಾರವಾರ ಅಷ್ಟು ದೂರ ಓಡಿತು. ಪ್ರತಿ ಊರಲ್ಲೂ ಅವಳು ನಿಲ್ಲಬೇಕು, ಅವನು ಮುಗಿಸುವವರೆಗೆ ನಿಂತಿರಬೇಕು. ಸಾಕ್ಷಿ ಬೆಳೆಯುತ್ತಾ ಹೋಯಿತು. ಮಗುವಿಗೆ ಒಂದು ಹೆಸರು ಬಂತು, ಅವರು ಎಂದೂ ಇಡದ ಹೆಸರು. ಮನೆಯಲ್ಲಿ ಮಾತ್ರ ಅವನು ಅವಳ ಮುಖ ನೋಡುತ್ತಿರಲಿಲ್ಲ. ಅವಳ ಕೆಲಸ ಬಿಡಿಸಿದ.

ಒಂದು ಶುಕ್ರವಾರ ಅಡುಗೆಮನೆಯಲ್ಲಿ ಚಹಾದ ಕಪ್ಪು ತೊಳೆಯುವಾಗ ಡೀನಾ ನಲ್ಲಿಯನ್ನು ಜೋರು ತಿರುಗಿಸಿ ಹತ್ತಿರ ಬಂದಳು.

"ನಿಂಗೆ ಒಂದು ವಿಷಯ ಗೊತ್ತುಂಟಾ? ಆ ಕಾಲದ ಗುಂಪುಗಳಲ್ಲಿ ಹೆಂಗಸರು ಬೇರೆ, ಗಂಡಸರು ಬೇರೆ. ಗಂಡನ ಎದುರು ಹೆಂಡತಿ ಹೇಳುವ ಕ್ರಮವೇ ಇರ್ಲಿಲ್ಲ. ಅಲ್ಲಿ ಹೇಳಿದ್ದು ಹೊರಗೆ ಹೋಗ್ಲಿಕ್ಕೂ ಇಲ್ಲ. ಇವರಿಗೆ ಎಲ್ಲ ಗೊತ್ತುಂಟು. ಮದುವೆಯಾದ ಹೊಸತರಲ್ಲಿ ನಂಗೆ ಇವರೇ ಹೇಳಿದ್ದು."

"ಮತ್ತೆ ನಮ್ಮ ಹತ್ರ ಯಾಕೆ ಹೇಳ್ಲಿಲ್ಲ?"

ಡೀನಾ ಕಪ್ಪುಗಳನ್ನು ಒಂದೊಂದಾಗಿ ಬೋರಲು ಹಾಕಿದಳು. "ನಾನು ಹೇಳಿದೆ ಅಂತ ಹೇಳ್ಬೇಡ ಮಾರಾಯ್ತಿ" ಎಂದಳು.

ಪ್ಯಾಟ್ರಿಷಿಯಾ ಎರಡು ವಾರ ಅದನ್ನು ಒಳಗೇ ಕುದಿಸಿಕೊಂಡಳು. ಮೂರನೆಯ ವಾರ, ಕ್ಯಾಸ್ಮಿರ್ "ನಿಂತ್ಕೋ" ಎಂದಾಗ, ಕೂತಲ್ಲಿಂದಲೇ ಕೇಳಿದಳು.

"ಸರ್, ಮೊದಲಿನವರು ಹೆಂಗಸರನ್ನು ಬೇರೆ ಕೂರಿಸ್ತಿದ್ರಂತೆ. ಹೌದಾ?"

ಗ್ಲಾಡ್ವಿನ್ ಸರ್ ಮುಗುಳ್ನಕ್ಕರು.

"ಹೌದಮ್ಮ. ಅವ್ರಿಗೆ ದೊಡ್ಡ ದೊಡ್ಡ ಮನೆಗಳಿದ್ದವು. ನಮ್ಮ ಫ್ಲಾಟಿನಲ್ಲಿ ಒಂದೇ ಹಾಲ್."

ಎಲ್ಲರೂ ನಕ್ಕರು. ಕ್ಯಾಸ್ಮಿರನೂ ನಕ್ಕ. ಸರ್ ಮಾತ್ರ ಅಡುಗೆಮನೆಯ ಬಾಗಿಲ ಕಡೆ ನೋಡಿದರು. ಅಲ್ಲಿ ಟ್ರೇ ಹಿಡಿದು ಡೀನಾ ನಿಂತಿದ್ದಳು.

"ಡೀನಾ, ಅದನ್ನು ಕೆಳಗಿಡು. ಬಾ, ಇಲ್ಲಿ ಕೂತ್ಕೋ."

ಅವಳು ಬಂದು ನಡುವಿನ ಕುರ್ಚಿಯಲ್ಲಿ ಕೂತಳು. ಸರ್ ಪ್ಯಾಟ್ರಿಷಿಯಾಳಿಗೆ ಕೈ ಸನ್ನೆ ಮಾಡಿದರು. "ಹೆಂಗಸರಿಗೆ ಹೆಂಗಸರೇ ಇರ್ಬೇಕು ಅಂದೆ ಅಲ್ವಾ? ಸರಿ. ನೀನೇ ಕೇಳು."

ಕೇಳುವುದಿಲ್ಲ ಎನ್ನಬಹುದಿತ್ತು. ಪ್ಯಾಟ್ರಿಷಿಯಾ ಸುತ್ತ ನೋಡಿದಳು. ಎಲ್ಲರ ಕಣ್ಣೂ ಡೀನಾಳ ಮೇಲಿತ್ತು. ಎಷ್ಟೋ ತಿಂಗಳ ನಂತರ ಮೊದಲ ಸಲ ಅವಳನ್ನು ಯಾರೂ ನೋಡುತ್ತಿರಲಿಲ್ಲ. ಭುಜದಿಂದ ಹೊರೆ ಇಳಿದಂತಾಯಿತು.

"ಮುಚ್ಚಿಡುವಂಥದ್ದು ಎಂತಾದ್ರೂ ಉಂಟಾ ಡೀನಾ?"

"ಇಲ್ಲ."

"ಇನ್ನೊಮ್ಮೆ ಕೇಳು" ಎಂದರು ಸರ್.

ಅವಳು ಮತ್ತೆ ಕೇಳಿದಳು. ಮತ್ತೂ ಕೇಳಿದಳು. ಆಮೇಲಾಮೇಲೆ ಸರ್ ಹೇಳುವುದಕ್ಕೆ ಕಾಯಲಿಲ್ಲ. "ಉಂಟು, ನಂಗೆ ಗೊತ್ತುಂಟು, ಹೇಳು" ಎಂದಾಗ ತನ್ನ ಸ್ವರ ಅವಳಿಗೇ ಹೊಸದಾಗಿ ಕೇಳಿಸಿತು. ಕೊನೆಗೆ ಡೀನಾ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅತ್ತಳು.

"ಶುಕ್ರವಾರ ಬಂದ್ರೆ ಭಯ ಆಗ್ತದೆ. ನೀವು ಯಾರೂ ಬಾರದೇ ಇರ್ಲಿ ಅಂತ ಪ್ರಾರ್ಥನೆ ಮಾಡ್ತೇನೆ. ಈ ಕೂಟ ಒಡೆದು ಹೋಗ್ಲಿ ಅಂತ ಮಾಡ್ತೇನೆ."

ಎಲ್ಲರೂ ಎದ್ದು ಅವಳ ತಲೆಯ ಮೇಲೆ ಕೈಯಿಟ್ಟು ಪ್ರಾರ್ಥಿಸಿದರು. ಕೈಗಳ ಭಾರಕ್ಕೆ ಡೀನಾಳ ಕತ್ತು ಬಗ್ಗಿತು. ಪ್ಯಾಟ್ರಿಷಿಯಾಳ ಕೈಯೂ ಅಲ್ಲಿತ್ತು.

ಮನೆಗೆ ಮರಳುವಾಗ ಕ್ಯಾಸ್ಮಿರ್ ಶವರ್ಮಾ ಅಂಗಡಿಯ ಮುಂದೆ ಕಾರು ನಿಲ್ಲಿಸಿದ.

"ಒಳ್ಳೆ ಕೇಳಿದಿ" ಎಂದ. ತಾನಾಗಿ ಅವಳೊಂದಿಗೆ ಮಾತಾಡಿ ತಿಂಗಳುಗಳೇ ಆಗಿದ್ದವು.

ಅವಳಿಗೆ ವಿಪರೀತ ಹಸಿವಾಗಿತ್ತು. ತನ್ನದನ್ನು ತಿಂದು ಮುಗಿಸಿದಳು. ಅವನು ಅರ್ಧ ತಿಂದು ಬಿಟ್ಟದ್ದನ್ನೂ ಕೇಳಿ ತೆಗೆದುಕೊಂಡು ತಿಂದಳು.