ಕನ್ನಡಿ ಹಿಡಿಯುವವಳ ಜಾಗ

ಮೇಸ್ತ್ರಿ ತನ್ನ ಜನ್ಮದಲ್ಲಿ ಅಳತೆಪಟ್ಟಿ ಹಿಡಿದವನಲ್ಲ. ಬಾಡಿಗೆ ಮನೆ ಬದಲಿಸುವವರು ಕರೆದರೆ ಬಂದು, ಕೋಣೆಯಿಂದ ಕೋಣೆಗೆ ಒಂದು ಸುತ್ತು ಹಾಕಿ, ಹೊಸಿಲ ಮೇಲೆ ನಿಂತು ಮುಖ ಒರೆಸಿಕೊಳ್ಳುವಷ್ಟರಲ್ಲಿ ಇಡೀ ಸಂಸಾರ ಲಾರಿಯಲ್ಲಿ ಹೇಗೆ ಕೂರುತ್ತದೆಂದು ಅವನಿಗೆ ಗೊತ್ತಾಗಿಬಿಡುತ್ತಿತ್ತು. ಆಮೇಲೆ ಖಾಲಿ ಲಾರಿ ಹತ್ತಿ, ನಡುವೆ ನಿಂತು, ಗಾಳಿಯಲ್ಲಿ ಕೈಯಾಡಿಸುತ್ತ ಆಳುಗಳಿಗೆ ಹೇಳುವನು: "ಬೀರು ಇಲ್ಲಿ. ಅದರ ಹೊಟ್ಟೆಗೆ ಹಾಸಿಗೆ ಸುರುಳಿ. ಮೇಜು ತಲೆಕೆಳಗೆ." ದಾರಿಹೋಕರಿಗೆ ಈ ಮನುಷ್ಯ ಗಾಳಿಯೊಂದಿಗೆ ಜಗಳಕ್ಕೆ ನಿಂತಿದ್ದಾನೆ ಅನ್ನಿಸಬೇಕು. ಆದರೆ ಅವನು ಹೇಳಿದ ಹಾಗೇ ತುಂಬಿದರೆ ಎಳ್ಳು ಹಾಕಿದರೂ ಕೆಳಗೆ ಬೀಳದಷ್ಟು ಬಿಗಿ. ಸಂದು ಬಿಟ್ಟ ಆಳನ್ನು ಕಂಡರೆ ಅವನಿಗೆ ಮೈಯೆಲ್ಲ ಉರಿ. "ಸಂದು ಬಿಟ್ರೆ ಸಾಮಾನು ಕುಣಿಯುತ್ತೆ. ಕುಣಿದ್ರೆ ಒಡಿಯುತ್ತೆ. ಒಡೆದ್ರೆ ನಿಮ್ಮಪ್ಪ ತಂದುಕೊಡ್ತಾನಾ?" ಎಂದು ಕೂಗಾಡುತ್ತಿದ್ದ.

ಅಂಥವನ ಹೆಂಡತಿ ಹೋದಳು. ಬಹಳ ದಿನ ಮಲಗಿ, ಸವೆದು ಸವೆದು, ಕೊನೆಗೆ ಆಸ್ಪತ್ರೆಯ ಹೊದಿಕೆಯ ಕೆಳಗೆ ಆಳು ಇದೆಯೋ ಇಲ್ಲವೋ ಎನ್ನುವಷ್ಟಾಗಿ ಹೋದಳು. ಮೇಸ್ತ್ರಿ ಅಳಲಿಲ್ಲ. ಅವತ್ತು ಸಂಜೆ ತಟ್ಟೆಗೆ ಹಾಕಿದ್ದನ್ನು ತಿಂದ, ಮಲಗಿದ, ನಿದ್ದೆಯನ್ನೂ ಮಾಡಿದ. "ಕಲ್ಲುಗುಂಡಿಗೆ ಕಣೇ ಇವನದು" ಎಂದು ಅವಳ ಕಡೆಯ ನೆಂಟರು ಗುಸುಗುಸು ಮಾತಾಡಿದ್ದು ಅವನ ಕಿವಿಗೂ ಬಿತ್ತು. ನೆಂಟರ ಬಾಯಿಗೆ ಬೀಗ ಹಾಕಲು ಯಾರಿಂದ ತಾನೇ ಸಾಧ್ಯ? ಸುಮ್ಮನಿದ್ದ.

ಸುಮ್ಮನಿರಲಾಗದವಳು ಮಗಳು. ಕನ್ನಡಕದ ಅಂಗಡಿಯಲ್ಲಿ ಅವಳ ಕೆಲಸ. ದಿನವಿಡೀ ಜನರ ಮುಖ ನೋಡಿ, ದುಂಡು ಮುಖಕ್ಕೆ ಯಾವ ಫ್ರೇಮು, ಉದ್ದ ಮುಖಕ್ಕೆ ಯಾವುದು ಎಂದು ಆರಿಸಿಕೊಡುವವಳು. ಅವಳಿಗೆ ಒಮ್ಮೆ ಕಂಡ ಮುಖ ಮರೆಯುವುದಿಲ್ಲ. ಅದೇ ಈಗ ಮುಳುವಾಗಿತ್ತು. ಕಣ್ಣು ಮುಚ್ಚಿದರೆ ಸಾಕು, ಅಮ್ಮನ ಕೊನೆಯ ದಿನದ ಮುಖ ಎದುರಿಗೆ ಬಂದು ನಿಲ್ಲುತ್ತಿತ್ತು: ತೆರೆದ ಬಾಯಿ, ಒಳಗಿಳಿದ ಕೆನ್ನೆ, ಯಾರನ್ನೂ ಗುರುತಿಸದ ಕಣ್ಣು. ಅದಕ್ಕಿಂತ ಹಿಂದಿನ ಅಮ್ಮ ಎಷ್ಟು ಕರೆದರೂ ಬರುತ್ತಿರಲಿಲ್ಲ. ಫೋಟೋ ನೋಡಿಕೊಳ್ಳೋಣವೆಂದರೆ ಮನೆಯಲ್ಲಿ ಫೋಟೋ ತೆಗೆಯುತ್ತಿದ್ದವಳೇ ಅಮ್ಮ. ತೆಗೆಯುವವರು ಫೋಟೋದಲ್ಲಿ ಬೀಳುವುದುಂಟೇ? ಮದುವೆಯದೊಂದಿತ್ತು, ಅದರಲ್ಲಿರುವ ಹುಡುಗಿ ಯಾರೋ ಏನೋ. ಗುರುತಿನ ಚೀಟಿಯದೊಂದಿತ್ತು. ಗುರುತಿನ ಚೀಟಿಯಲ್ಲಿ ಎಂಥ ಸಾಧುವೂ ಕಳ್ಳನ ಹಾಗೇ ಕಾಣುತ್ತಾನೆ.

ಹಾಗಾಗಿ ಒಂದು ಭಾನುವಾರ ಮಗಳು ಅಪ್ಪನನ್ನು ಚಿತ್ರಗಾರನೊಬ್ಬನ ಹತ್ತಿರ ಎಳೆದುಕೊಂಡು ಹೋದಳು. ಮನೆಯವರು ಹೇಳುತ್ತಾ ಹೋದರೆ ಕೇಳಿಕೊಂಡು ಸತ್ತವರ ಮುಖ ಬರೆಯುತ್ತಾನಂತೆ.

"ನನ್ನನ್ನ ಕೇಳ್ಬೇಡಿ" ಎಂದು ಮಗಳು ಮೊದಲೇ ಹೇಳಿದಳು. "ನಂಗೆ ಬರೋದು ಆ ಕೊನೇ ಮುಖ ಒಂದೇ. ಅಪ್ಪನ್ನ ಕೇಳಿ. ಅಮ್ಮ ಚೆನ್ನಾಗಿದ್ದಾಗ ಹೇಗಿದ್ಲು ಅಂತ ಅಪ್ಪ ಹೇಳ್ತಾನೆ."

ಮೇಸ್ತ್ರಿ ಉತ್ಸಾಹದಿಂದಲೇ ಎದ್ದು ನಿಂತ. "ಎತ್ತರ ಅಂದ್ರೆ, ನನ್ನ ಭುಜದ ಈ ಮೂಳೆಗೆ ಅವಳ ತಲೆ. ಎಡಕ್ಕೆ ಸ್ವಲ್ಪ ವಾಲಿ ನಿಲ್ಲೋಳು. ಅಡುಗೆಮನೆ ಬಾಗಿಲಲ್ಲಿ ನಿಂತ್ರೆ ಈ ಕಡೆ ಒಂದು ಗೇಣು ಉಳೀತಿತ್ತು, ಆ ಕಡೆ ಎರಡೇ ಬೆರಳು."

ಚಿತ್ರಗಾರ ನಕ್ಕ. "ಅದು ಬಾಗಿಲಿನ ಲೆಕ್ಕ ಆಯ್ತು ಯಜಮಾನ್ರೇ. ಮುಖ ಹೇಳಿ. ಕಣ್ಣು ಹೇಗಿತ್ತು?"

"ಕಣ್ಣು..." ಮೇಸ್ತ್ರಿ ತಡವರಿಸಿದ. "ಚೆನ್ನಾಗಿತ್ತು."

"ಚೆನ್ನಾಗಿತ್ತು ಅಂದ್ರೆ? ದುಂಡಗಾ? ಒಳಗಿತ್ತಾ, ಉಬ್ಬಿತ್ತಾ?" ಮಗಳು ಕೇಳಿದಳು. "ಕಣ್ಣು ಮುಚ್ಚು ಅಪ್ಪಾ. ಮುಚ್ಚಿಕೊಂಡು ಅಮ್ಮನ್ನ ನೋಡು. ನೋಡಿ ಹೇಳು."

ಅವನು ವಿಧೇಯ ಮಗುವಿನಂತೆ ಮುಚ್ಚಿದ.

"ಏನು ಕಾಣ್ತಿದೆ?"

"ಕತ್ತಲೆ" ಎಂದ ಮೇಸ್ತ್ರಿ. "ಕಣ್ಣು ಮುಚ್ಚಿದ್ರೆ ಕತ್ತಲೆ ಅಲ್ದೆ ಇನ್ನೇನಮ್ಮ ಕಾಣುತ್ತೆ?"

ಚಿತ್ರಗಾರ ಪೆನ್ಸಿಲು ಕೆಳಗಿಟ್ಟ. ಅವನು ಮೆತ್ತಗೆ ಒಂದೊಂದೇ ಕೇಳಿದ: ನಿಮ್ಮ ಮನೆ ಬಾಗಿಲು ಕಾಣುತ್ತಾ? ಮಗಳ ಮುಖ? ಒಂದು ಕೆಂಪು ಚೆಂಡು? ಯಾವುದೂ ಇಲ್ಲ. ಬಾಗಿಲು ಎಲ್ಲಿದೆ, ಯಾವ ಕಡೆಗೆ ತೆರೆಯುತ್ತದೆ, ಅದರಲ್ಲಿ ಮಂಚ ಹೇಗೆ ಓರೆ ಮಾಡಿದರೆ ತೂರುತ್ತದೆ ಎಲ್ಲ ಗೊತ್ತು. ಆದರೆ ಕಾಣುವುದಿಲ್ಲ. ಎಂದೂ ಕಂಡದ್ದಿಲ್ಲ. "ಕಣ್ಣಿಗೆ ಕಟ್ಟಿದ ಹಾಗಿದೆ ಅಂತ ಜನ ಅಂತಾರಲ್ಲ, ಅದು ಸುಮ್ನೆ ಮಾತಿಗೆ ಅಂದ್ಕೊಂಡಿದ್ದೆ" ಎಂದ ಮೇಸ್ತ್ರಿ. "ನಿಜವಾಗ್ಲೂ ಕಾಣುತ್ತಾ ನಿಮಗೆಲ್ಲ?"

"ಕೆಲವರಿಗೆ ಹಾಗಿರುತ್ತಂತಮ್ಮ" ಎಂದು ಚಿತ್ರಗಾರ ಮಗಳಿಗೆ ಹೇಳಿದ. "ಮನಸ್ಸಲ್ಲಿ ಚಿತ್ರವೇ ಮೂಡಲ್ವಂತೆ. ದಾರಿ, ಜಾಗ, ಅಳತೆ ಎಲ್ಲ ನಮಗಿಂತ ಚೆನ್ನಾಗೇ ಇರುತ್ತೆ. ಚಿತ್ರ ಮಾತ್ರ ಇರಲ್ಲ. ಕಾಯಿಲೆ ಏನಲ್ಲ. ಹುಟ್ಟಿದಾಗಿಂದ್ಲೇ ಹಾಗೆ."

ಮಗಳಿಗೆ ಅದು ಕೇಳಿಸಿತೋ ಇಲ್ಲವೋ. ಬೀದಿಗೆ ಇಳಿದ ಮೇಲೆ ಅವಳು ತಿರುಗಿ ನಿಂತಳು. "ಇಷ್ಟು ವರ್ಷ ಸಂಸಾರ ಮಾಡಿ, ಹೆಂಡ್ತಿ ಕಣ್ಣು ಹೇಗಿತ್ತು ಅಂದ್ರೆ ಚೆನ್ನಾಗಿತ್ತು ಅಂತೀಯ. ನೀನು ಅವಳನ್ನ ಯಾವತ್ತಾದ್ರೂ ಸರಿಯಾಗಿ ನೋಡಿದೀಯಾ? ಬೀರು ಬಗ್ಗೆ ಕೇಳಿದ್ರೆ ಇದಕ್ಕಿಂತ ಚೆನ್ನಾಗಿ ಹೇಳ್ತಿದ್ದೆ." ಮತ್ತೆ ಹೇಳಿದಳು: "ಪುಣ್ಯವಂತ ನೀನು. ಏನೂ ಕಾಣಲ್ಲ. ಅದಕ್ಕೇ ನಿದ್ದೆ ಬರುತ್ತೆ."

ಆ ಮಾತು ನೆಟ್ಟಗೆ ಬಂದು ನಾಟಿತು. ಅವಳು ಹೇಳಿದ್ದು ನಿಜವಿರಬಹುದೆಂದು ಮೇಸ್ತ್ರಿಗೇ ಭಯವಾಗಿತ್ತು. ಮರುದಿನ ಕೆಲಸದ ನಡುವೆ ಹಗ್ಗದವನನ್ನು ಕೇಳಿದ. ಹಗ್ಗದವನೆಂದರೆ ಲಾರಿ ತುಂಬಿದ ಮೇಲೆ ಹಗ್ಗ ಬಿಗಿಯುವವನು, ಮೇಸ್ತ್ರಿಯ ಹಳೇ ಜೊತೆಗಾರ.

"ಲೋ, ಕಣ್ಣು ಮುಚ್ಚಿದ್ರೆ ನಿನ್ನ ಹೆಂಡ್ತಿ ಕಾಣ್ತಾಳಾ?"

"ಕಾಣ್ತಾಳೆ ಮೇಸ್ತ್ರಿ. ಬೈತಾ ಕಾಣ್ತಾಳೆ."

"ನಿಜ ಹೇಳು."

"ನಿಜಾನೇ. ಸೊಂಟದ ಮೇಲೆ ಕೈ ಬೇರೆ ಇಟ್ಕೊಂಡಿರ್ತಾಳೆ."

ಉಳಿದ ಆಳುಗಳೂ ಹೌದೆಂದರು. ಊರಿಗೆಲ್ಲ ಇರುವುದು ತನಗೊಬ್ಬನಿಗೇ ಇಲ್ಲ ಎಂದು ಈ ವಯಸ್ಸಿನಲ್ಲಿ ತಿಳಿಯುವುದು ಸಣ್ಣ ಪೆಟ್ಟಲ್ಲ. ಎಲ್ಲರ ಸತ್ತವರೂ ಕರೆದಾಗ ಬಂದು ಮುಖ ತೋರಿಸಿ ಹೋಗುತ್ತಾರೆ. ಅವನವಳು ಬರುವುದಿಲ್ಲ. ಹಾಗಾದರೆ ತಾನು ಅವಳನ್ನು ಇಟ್ಟುಕೊಂಡಿರುವುದು ಎಲ್ಲಿ? ಇಟ್ಟುಕೊಂಡಿಲ್ಲವೇ? ಇಕ್ಕಟ್ಟಿನ ಅಡುಗೆಮನೆಯಲ್ಲಿ ಅವನು ಈಗಲೂ ಒಲೆಯ ಹತ್ತಿರ ಬಂದಾಗ ಮೈ ಓರೆ ಮಾಡಿ ದಾಟುತ್ತಿದ್ದ, ಅಲ್ಲಿ ನಿಂತವಳಿಗೆ ತಗುಲಬಾರದೆಂದು. ಇದನ್ನು ಮಗಳು ಗಮನಿಸಿರಲಿಲ್ಲ. ನಿಜ ಹೇಳಬೇಕೆಂದರೆ ಅವನೂ ಗಮನಿಸಿರಲಿಲ್ಲ.

ಅಪ್ಪ ಮಗಳ ನಡುವೆ ಮಾತು ಊಟ ತಿಂಡಿಗಷ್ಟೇ ಉಳಿಯಿತು. ಅಷ್ಟರಲ್ಲಿ ಮನೆಯ ಮಾಲೀಕರು, ನಮ್ಮ ಮನೆ ನಮಗೇ ಬೇಕು, ಬಿಟ್ಟುಕೊಡಿ ಎಂದರು. ಊರಿನವರ ಮನೆಗಳನ್ನೆಲ್ಲ ಲಾರಿಗೆ ಹತ್ತಿಸಿದವನು ತನ್ನದನ್ನು ಹತ್ತಿಸುವ ದಿನ ಮತ್ತೆ ಬಂತು.

ಈ ಸಂಸಾರ ಹೀಗೆ ಎಷ್ಟೋ ಸಲ ಲಾರಿ ಹತ್ತಿದೆ. ಹತ್ತಿದಾಗಲೆಲ್ಲ ಒಂದು ಪದ್ಧತಿಯಿತ್ತು. ಹೆಂಡತಿಯ ತವರಿನಿಂದ ಬಂದ ಒಂದು ದೊಡ್ಡ ಕನ್ನಡಿ. ಅದನ್ನು ಯಾವ ಆಳಿನ ಕೈಗೂ, ಯಾವ ಹಗ್ಗಕ್ಕೂ ಅವಳು ಒಪ್ಪಿಸುತ್ತಿರಲಿಲ್ಲ. ಗಂಡನ ಮೇಲೂ ಆ ವಿಷಯದಲ್ಲಿ ನಂಬಿಕೆಯಿಲ್ಲ. ಚಕ್ರದ ಮೇಲೆ ಕಾಲಿಟ್ಟು, ಪಕ್ಕದ ಹಲಗೆ ಹಿಡಿದು, ದೊಡ್ಡ ಮೈಯನ್ನು ನಗುತ್ತಾ ಮೇಲೆತ್ತಿಕೊಂಡು, ಲಾರಿಯ ಹಿಂಭಾಗದಲ್ಲಿ ಚಾಲಕನ ಗೂಡಿಗೆ ಬೆನ್ನು ಕೊಟ್ಟು ಸಾಮಾನಿನ ನಡುವೆ ಕೂತು, ಕನ್ನಡಿಯನ್ನು ತೊಡೆಯ ಮೇಲೆ ನಿಲ್ಲಿಸಿ ಹಿಡಿದುಕೊಳ್ಳುವಳು. "ರೀ, ಹೊರಡಿ ಅನ್ನಿ" ಎನ್ನುವಳು. ಹೊಸ ಮನೆ ಬರುವ ತನಕ ಅದನ್ನು ಬಿಡಳು.

ಅವತ್ತು ಬೆಳಿಗ್ಗೆ ಮೇಸ್ತ್ರಿ ಖಾಲಿ ಲಾರಿಯೊಳಗೆ ನಿಂತು ಎಂದಿನ ಹಾಗೆ ಗಾಳಿಯಲ್ಲಿ ಕೈಯಾಡಿಸಿದ. ಬೀರು, ಹೊಲಿಗೆ ಯಂತ್ರ, ಮಂಚ, ಪಾತ್ರೆಯ ಪೆಟ್ಟಿಗೆ. ಯೋಚಿಸಬೇಕಾದ ಪ್ರಮೇಯವೇ ಇರಲಿಲ್ಲ. ಈ ಸಾಮಾನು ಅವನ ಕೈಗೆ ಬಾಯಿಪಾಠ. ಆಳುಗಳು ಬೀರುವನ್ನು ಹೂ ಎತ್ತಿದ ಹಾಗೆ ಎತ್ತಿ ತಂದರು. ಬಿಸಿಲೇರುವ ಮೊದಲೇ ಲಾರಿ ತುಂಬಿತು. ಮಗಳು ಖಾಲಿ ಮನೆ ಗುಡಿಸಿ ಬಂದು ಬಾಗಿಲ ಬಳಿ ನಿಂತಳು. ಕನ್ನಡಿ ಮಾತ್ರ ಗೋಡೆಗೊರಗಿ ಬೀದಿಯಲ್ಲಿ ಉಳಿದಿತ್ತು.

"ಇದನ್ನೆಲ್ಲಿ ಇಡೋದು ಮೇಸ್ತ್ರಿ?" ಎಂದು ಹಗ್ಗದವನು ಕೇಳಿದ.

"ಅದು ಅವಳ ಕೈಯಲ್ಲಿ" ಎಂದ ಮೇಸ್ತ್ರಿ, ತಿರುಗಿ ನೋಡದೆಯೇ.

ಹೇಳಿದ ಮೇಲೆ ಅವನಿಗೇ ತನ್ನ ಮಾತು ಕೇಳಿಸಿತು. ಹಗ್ಗದವನು ಲಾರಿಯ ಮೇಲಿನಿಂದ ಬಗ್ಗಿ ನೋಡಿ, ದನಿ ತಗ್ಗಿಸಿ ಹೇಳಿದ: "ಮೇಸ್ತ್ರಿ... ಇಲ್ಲೊಂದು ಸಂದು ಬಿಟ್ಟಿದೀರ. ಒಂದಾಳು ಕೂರೋವಷ್ಟು."

ಬೀರುವಿಗೂ ಹೊಲಿಗೆ ಯಂತ್ರಕ್ಕೂ ನಡುವೆ, ಗೂಡಿಗೆ ಒತ್ತಿಕೊಂಡು, ಒಂದು ಖಾಲಿ ಜಾಗ. ಕೆಳಗೆ ಮಡಿಸಿದ ಹಾಸಿಗೆ ಕೂಡ ಹಾಸಿತ್ತು. ಸಂದು ಬಿಟ್ಟವರನ್ನು ಜನ್ಮ ಪೂರ್ತಿ ಬೈದವನು ತನ್ನ ಮನೆಯ ಸಾಮಾನಿನಲ್ಲೇ ಸಂದು ಬಿಟ್ಟಿದ್ದ. ಅವನಿಗೆ ನಾಚಿಕೆಯಿಂದ ತಲೆಯೆತ್ತಲಾಗಲಿಲ್ಲ. "ಬಿಚ್ರೋ" ಎಂದ. "ಎಲ್ಲ ಇಳಿಸಿ. ಮೊದಲಿಂದ ತುಂಬೋಣ."

"ಬಿಚ್ಬೇಡಿ" ಎಂದಳು ಮಗಳು.

ಅವಳು ಚಕ್ರದ ಮೇಲೆ ಕಾಲಿಟ್ಟು ಹತ್ತಿದಳು. ಆ ಜಾಗದಲ್ಲಿ ಕೂತಳು. ಕೂತವಳು ಎಡಕ್ಕೆ ಕೈಯಾಡಿಸಿದಳು, ಬಲಕ್ಕೆ ಕೈಯಾಡಿಸಿದಳು. ಎರಡೂ ಕಡೆ ಜಾಗ ಮಿಕ್ಕಿತ್ತು.

"ಅಪ್ಪಾ" ಎಂದಳು. ದನಿ ಒಡೆದಿತ್ತು. "ಇದು ಆಸ್ಪತ್ರೆ ಅಮ್ಮನ ಅಳತೆ ಅಲ್ಲ."

"ಅಲ್ಲ" ಎಂದ ಮೇಸ್ತ್ರಿ. ಆಸ್ಪತ್ರೆಯಲ್ಲಿ ಇಷ್ಟೇ ಇಷ್ಟಾಗಿದ್ದಳು, ಅದೂ ಗೊತ್ತು. ಆದರೆ ಅವನ ಕೈ ಬಿಟ್ಟ ಜಾಗ ಅದಲ್ಲ. "ನಿಮ್ಮಮ್ಮ ಅಗಲ ಇದ್ಲಲ್ಲಮ್ಮ. ಎಡಕ್ಕೆ ವಾಲ್ತಿದ್ಲು, ಅದಕ್ಕೆ ಆ ಕಡೆ ಸ್ವಲ್ಪ ಜಾಸ್ತಿ ಬಿಡ್ಬೇಕು. ಇಲ್ದಿದ್ರೆ ಮೊಣಕೈ ಬೀರುಗೆ ತಾಗುತ್ತೆ."

ಮಗಳು ಕನ್ನಡಿ ಕೇಳಿದಳು. ಹಗ್ಗದವನು ಕೆಳಗಿಳಿದು ಎತ್ತಿಕೊಟ್ಟ. ಅದನ್ನು ತೊಡೆಯ ಮೇಲೆ ನಿಲ್ಲಿಸಿ ಹಿಡಿದು, ಬಹಳ ಹೊತ್ತು ಅದರೊಳಗೆ ನೋಡಿದಳು. ಮೇಸ್ತ್ರಿ ಏನು ಮಾಡಬೇಕೆಂದು ತೋಚದೆ ಗೂಡಿನೊಳಗೆ ಹೋಗಿ ಕೂತ. ಅಲ್ಲಿ ಬೆನ್ನ ಹಿಂದೆ ಗಾಜು ಅರ್ಧ ಸರಿಸಿದ ಒಂದು ಸಣ್ಣ ಕಿಟಕಿ. ಅದರಿಂದ ಮಗಳ ಹೆರಳು ಕಾಣುತ್ತಿತ್ತು, ಕನ್ನಡಿಯಲ್ಲಿ ಅವಳ ಮುಖ ಕಾಣುತ್ತಿತ್ತು. ಕೆನ್ನೆಯ ಮೇಲೆ ನೀರು ಇಳಿಯುತ್ತಿತ್ತು, ಆದರೆ ಅವಳು ನಗುತ್ತಿದ್ದಳು.

"ಅಪ್ಪಾ, ನಾನು ಚಿಕ್ಕೋಳಿದ್ದಾಗ ಅಲ್ಲೇ ನಿನ್ನ ತೊಡೆ ಮೇಲೆ ನಿಂತ್ಕೊಂಡು ಈ ಕಿಟಕೀಲಿ ನೋಡ್ತಿದ್ದೆ. ಅಮ್ಮ ಆ ಕಡೆ ತಿರುಗಿ ಕೂತಿರ್ತಿದ್ಲು. ಆದ್ರೂ ಕನ್ನಡೀಲಿ ಅವಳ ಮುಖ ನಂಗೆ ಕಾಣೋದು. ದಾರಿ ಉದ್ದಕ್ಕೂ ನಂಗೆ ನಾಲಿಗೆ ಚಾಚಿ ಅಣಕಿಸೋಳು. ಮರೆತೇ ಹೋಗಿತ್ತು." ಕಿಟಕಿಯ ಗಾಜಿಗೆ ತಲೆ ಆನಿಸಿದಳು. "ಬಂದ್ಲು ಅಪ್ಪಾ. ಈಗ ಬಂದ್ಲು. ಅವತ್ತು ಹಾಗೆ ಅಂದಿದ್ದಕ್ಕೆ..."

"ಬಿಡು" ಎಂದ ಮೇಸ್ತ್ರಿ. ಗಾಜಿನ ಈ ಕಡೆಯಿಂದ ತನ್ನ ತಲೆಯನ್ನೂ ಅಲ್ಲಿಗೇ ಆನಿಸಿದ. "ಹೇಗಿದಾಳೆ, ಹೇಳು."

ಮಗಳು ಹೇಳಿದಳು. ದುಂಡು ಮುಖ, ನಕ್ಕರೆ ಮುಚ್ಚಿಹೋಗುವ ಸಣ್ಣ ಕಣ್ಣು, ಎಡಗಣ್ಣಿನ ರೆಪ್ಪೆ ತುಸು ಜೋಲು, ಮುಂದಿನ ಹಲ್ಲಿನ ನಡುವೆ ಒಂದು ಕಿರು ಸಂದು, ಗಾಳಿಗೆ ಬಾಯಿಗೆ ಬರುವ ಕೂದಲನ್ನು ಉಫ್ ಎಂದು ಊದುವುದು. ಹೇಳುತ್ತಾ ಹೇಳುತ್ತಾ ಅವಳ ದನಿ ನೆಟ್ಟಗಾಯಿತು.

ಲಾರಿ ಹೊರಟಿತು. ಮೇಸ್ತ್ರಿ ಕಣ್ಣು ಮುಚ್ಚಿ ಕೇಳಿಸಿಕೊಂಡ. ತನಗೂ ಒಂದು ಸಲ, ಒಂದೇ ಒಂದು ಸಲ ಕಾಣಲಿ ಎಂದು ಕಾದ. ಕತ್ತಲೆಯೇ ಇತ್ತು. ಆಗ ಅವನಿಗೆ ಅಳು ಬಂತು, ಅವಳು ಹೋದ ಮೇಲೆ ಮೊದಲ ಸಲ.

"ಇನ್ನೊಂದ್ಸಲ ಹೇಳಮ್ಮ" ಎಂದ.