ದಾರಿ ತೋರಿಸಿದವರಿಗಾಗಿ

ಮೂರು ತಿಂಗಳು ಕಷ್ಟಪಟ್ಟು ಡಮಾರಿಸ್ ಬೇರೆ ಯಾರದೋ ಬದುಕನ್ನು ಬಾಯಿಪಾಠ ಮಾಡಿಕೊಂಡಿದ್ದಳು.

ಬೆಡ್‌ಫರ್ಡ್ ಸೀಮೆಯ ಆ ಹಳ್ಳಿಯಲ್ಲಿ ರಾಜನ ಚರ್ಚಿಗೆ ಬೆನ್ನು ಹಾಕಿ, ಹುಲ್ಲಿನ ಕೊಟ್ಟಿಗೆಯಲ್ಲಿ ಕೂಡಿ ಪ್ರಾರ್ಥಿಸುವ ಜನರಿದ್ದರು. ಮೊದಲು ಹಾಗೆ ಕೂಡಿದರೆ ಜೈಲು. ಹೋದ ವರ್ಷವಷ್ಟೇ ರಾಜನ ಮನಸ್ಸು ಕರಗಿ ಅಪ್ಪಣೆ ಸಿಕ್ಕಿತ್ತು. ಅವರ ಸಭೆಗೆ ಸೇರಲು ಕುಲ ಬೇಕಿರಲಿಲ್ಲ, ಓದು ಬೇಕಿರಲಿಲ್ಲ. ಎಲ್ಲರ ಮುಂದೆ ನಿಂತು, ದೇವರು ತನ್ನನ್ನು ಹೇಗೆ ಹಿಡಿದ ಎಂಬುದನ್ನು ಸ್ವಂತ ಬಾಯಿಂದ ಹೇಳಬೇಕು, ಅಷ್ಟೇ. ಬುಟ್ಟಿ ಹೆಣೆಯುವ ಒಬಡಾಯ ಅದನ್ನು ಚುಟುಕಾಗಿ ಸಭೆಯ ಪುಸ್ತಕದಲ್ಲಿ ಬರೆದು, ಓದಿ ಹೇಳಿ, ಹೇಳಿದವರ ಒಪ್ಪಿಗೆ ಪಡೆಯುತ್ತಿದ್ದ. ಆಮೇಲೆ ಹೇಳಿದವರು ಹೊರಗೆ ಕಾಯಬೇಕು, ಒಳಗಿದ್ದವರು ಕೈಯೆತ್ತಿ ತೀರ್ಮಾನಿಸಬೇಕು. ದೊರೆಗೂ ಬಿಷಪ್ಪನಿಗೂ ಮಾತ್ರ ಕತೆಯಿದ್ದ ದೇಶದಲ್ಲಿ, ಹಾಲು ಕರೆಯುವವಳಿಗೂ ಒಂದು ಕತೆಯುಂಟು, ಅದಕ್ಕೂ ಶಾಯಿ ಖರ್ಚು ಮಾಡಬೇಕು ಎಂದು ಹೊರಟವರಿಗೆ ತಲೆ ಕೆಟ್ಟಿದೆ ಎಂದೇ ಊರಿನವರ ನಂಬಿಕೆ.

ಡಮಾರಿಸ್‌ಗೂ ಕತೆಯಿತ್ತು. ಇದ್ದದ್ದೇ ತೊಂದರೆ.

ಆರು ವರ್ಷದ ಹಿಂದೆ ಒಂದು ಮಧ್ಯಾಹ್ನ ಅವಳು ಹೊಸ್ತಿಲಲ್ಲಿ ಕುಳಿತು, ತೊಡೆಯ ಮೇಲೆ ದಿಂಬು ಇಟ್ಟುಕೊಂಡು ಅದರ ಮೇಲೆ ಲೇಸ್ ಹೆಣೆಯುತ್ತಿದ್ದಳು. ರಾಜನ ಇಬ್ಬರು ಸವಾರರು ಬಂದು, "ಆ ಪ್ರಾರ್ಥನೆ ಮಂದಿ ಎತ್ತ ಹೋದ್ರು?" ಎಂದು ಕೇಳಿದರು. ಆಗ ಅವಳಿಗೆ ಆ ಮಂದಿ ಎಂದರೆ ಬರೀ ತಮಾಷೆ. ಕೈಯಲ್ಲಿದ್ದ ನೂಲು ಸುತ್ತಿದ ಮೂಳೆಕಡ್ಡಿಯಿಂದಲೇ ಗಿರಣಿಯ ಹಿಂದಿನ ಕಾಡನ್ನು ತೋರಿಸಿದಳು. ಹನ್ನೊಂದು ಜನ ಸಿಕ್ಕಿಬಿದ್ದರು. ಒಬಡಾಯನ ಮುದಿ ತಂದೆ ಜೈಲಿನ ಜ್ವರಕ್ಕೆ ಸಿಕ್ಕಿ, ಚಳಿಗಾಲ ಮುಗಿಯುವ ಮೊದಲೇ ಅಲ್ಲೇ ತೀರಿಕೊಂಡ. ದಾರಿ ತೋರಿಸಿದ್ದು ಯಾರೆಂದು ಯಾರಿಗೂ ಗೊತ್ತಾಗಲಿಲ್ಲ.

ಅವಳು ಆ ಕೊಟ್ಟಿಗೆಗೆ ಮೊದಲು ಬಂದದ್ದು ಭಕ್ತಿಯಿಂದಲ್ಲ, ಭಯದಿಂದ. ತನ್ನನ್ನು ಎಷ್ಟು ಶಪಿಸುತ್ತಾರೋ ಕೇಳಬೇಕಿತ್ತು. ಯಾರೂ ಶಪಿಸಲಿಲ್ಲ. ಸಭೆ ಮುಗಿಯುವಾಗ ಒಬಡಾಯ ಎದ್ದು, "ಅವತ್ತು ದಾರಿ ತೋರಿಸಿದವರು ಯಾರೋ, ಅವರನ್ನ ಕೈಬಿಡಬೇಡ ಕರ್ತನೇ" ಎಂದ. ಎಲ್ಲರೂ ಆಮೆನ್ ಎಂದರು. ಅವಳ ತುಟಿಯೂ ಆಮೆನ್ ಎಂದಿತು. ಮರುವಾರವೂ ಅದೇ ಪ್ರಾರ್ಥನೆ, ಅದರ ಮರುವಾರವೂ ಅದೇ. ವರ್ಷ ಕಳೆದರೂ ಅದು ನಿಲ್ಲಲಿಲ್ಲ, ಅವಳೂ ಬರುವುದನ್ನು ಬಿಡಲಿಲ್ಲ. ಈಗ ಆ ಕೊಟ್ಟಿಗೆ ಬಿಟ್ಟರೆ ಅವಳಿಗೆ ಬೇರೆ ಮನೆಯಿರಲಿಲ್ಲ. ನಿಜ ಹೇಳಿದರೆ ಆ ಬಾಗಿಲು ಮುಚ್ಚುತ್ತದೆ ಎಂಬುದರಲ್ಲಿ ಅವಳಿಗೆ ಅನುಮಾನವೂ ಇರಲಿಲ್ಲ.

"ನಂಗೆ ಹೇಳೋಕೆ ಏನೂ ಇಲ್ಲ ಕಣೆ" ಎಂದು ಗೆಳತಿ ಟ್ರೈಫೀನಾಳ ಹತ್ತಿರ ಗೋಳಾಡಿದಳು. ಟ್ರೈಫೀನಾಗೆ ಓದು ಬರುತ್ತಿತ್ತು. ದೇವರು ಒಲಿದ ನಾವಿಕನೊಬ್ಬ ಬರೆದ ತೆಳು ಪುಸ್ತಕ ತಂದು ಓದಿ ಹೇಳಿದಳು.

"ಇದನ್ನೇ ಹೇಳು. ಸಮುದ್ರ ತೆಗೆದು ನಮ್ಮ ಹೊಳೆ ಹಾಕ್ಕೋ, ಹಡಗು ತೆಗೆದು ದೋಣಿ ಹಾಕ್ಕೋ. ಯಾರಿಗೆ ಗೊತ್ತಾಗುತ್ತೆ?"

ಗುರುವಾರ ಮಧ್ಯಾಹ್ನ ಡಮಾರಿಸ್ ಎದ್ದು ನಿಂತಾಗ ಕೊಟ್ಟಿಗೆ ತುಂಬಿತ್ತು. ಮಾತು ಸಲೀಸಾಗಿಯೇ ಹೊರಟಿತು. ಆದರೆ ಗಾಬರಿಗೆ ಹೊಳೆಯೂ ಮರೆತುಹೋಯಿತು, ದೋಣಿಯೂ ಮರೆತುಹೋಯಿತು. "ಆಗ ಹಡಗಿನ ಹಾಯಿಕಂಬ ಮುರಿದು ಬಿತ್ತು, ಉಪ್ಪುನೀರು ನನ್ನ ಬಾಯಿಗೆ ನುಗ್ಗಿತು..."

"ಅಲ್ವೇ ತಾಯಿ," ಮುಂದಿನ ಸಾಲಿನಿಂದ ಹೆಬ್ಬಾತು ಸಾಕುವ ಕೆಜಾಯಾ ಅಜ್ಜಿ ಕೇಳಿದಳು, "ನಮ್ಮ ಹೊಳೇಲಿ ನನ್ನ ಬಾತೇ ಮುಳುಗಲ್ಲ. ಹಡಗು ಯಾವಾಗ ಬಂತು?"

ಕೊಟ್ಟಿಗೆ ಗೊಳ್ಳೆಂದಿತು. ಟ್ರೈಫೀನಾ ಟೋಪಿಯೊಳಗೆ ಮುಖ ಹುದುಗಿಸಿದಳು. ಜೋಡು ಹೊಲಿದು ಬದುಕುತ್ತ ಬೋಧಿಸುತ್ತಿದ್ದ ಹಿರಿಯ ಎಲ್ಯಾಕಿಮ್ ಮಾತ್ರ ನಗಲಿಲ್ಲ.

"ಚೆನ್ನಾಗಿದೆ ತಂಗಿ. ಆ ಪುಸ್ತಕ ನಾನೂ ಓದಿದ್ದೀನಿ. ಆದ್ರೆ ಅದು ಆ ನಾವಿಕನ ಜೋಡು, ನಿನ್ನ ಕಾಲಿಗೆ ಆಗಲ್ಲ. ಚಂದದ ಮಾತು ಬೇಕಿದ್ರೆ ನಾವು ರಾಜನ ಚರ್ಚಿಗೇ ಹೋಗ್ತಿದ್ವಿ, ಅಲ್ಲಿ ಪಾದ್ರಿ ಪುಸ್ತಕ ನೋಡ್ಕೊಂಡು ಓದ್ತಾನೆ. ಇಲ್ಲಿ ನಿಂದು ಬೇಕು."

"ನಂದು ಚೆನ್ನಾಗಿಲ್ಲ ಎಲ್ಯಾಕಿಮಣ್ಣ."

"ಯಾರದ್ದು ಚೆನ್ನಾಗಿದೆ? ಇವತ್ತು ಆಗ್ದಿದ್ರೆ ಇನ್ನೊಂದು ದಿನ ಹೇಳು. ಒಬಡಾಯ, ಪ್ರಾರ್ಥನೆ ಮಾಡಿ ಮುಗಿಸಪ್ಪ."

ಒಬಡಾಯ ಲೇಖನಿ ಕೆಳಗಿಟ್ಟು ಎದ್ದ. ರೋಗಿಗಳಿಗಾಗಿ ಬೇಡಿದ, ಬಿತ್ತನೆಗಾಗಿ ಬೇಡಿದ. ಕೊನೆಗೆ ಎಂದಿನ ಮಾತಿಗೆ ಬಂದ. "ಅವತ್ತು ದಾರಿ ತೋರಿಸಿದವರು ಯಾರೋ, ಅವರನ್ನ ಕೈಬಿಡಬೇಡ ಕರ್ತನೇ."

ಎಲ್ಲರೂ ಆಮೆನ್ ಎಂದರು. ಡಮಾರಿಸ್ ಅನ್ನಲಿಲ್ಲ. ಇನ್ನೂ ನಿಂತೇ ಇದ್ದವಳನ್ನು ಎಲ್ಲರೂ ತಿರುಗಿ ನೋಡಿದರು.

"ನಾನು," ಎಂದಳು. "ನಾನೇ ತೋರಿಸಿದ್ದು."

ಮಾತು ಆಡಿಬಿಟ್ಟ ಮೇಲೆ ಉಳಿದದ್ದು ತಾನಾಗಿ ಬಂತು. ಬಾಯಿಪಾಠದ ಒಂದು ಪದವೂ ಅದರಲ್ಲಿರಲಿಲ್ಲ. "ಬಿಸಿಲಿತ್ತು. ಎಲೆ ಅಂಚಿನ ಲೇಸ್ ಹೆಣೀತಿದ್ದೆ. ನೂಲು ಕೊಳೆಯಾಗಬಾರದು ಅಂತ ಕೈಗೆ ಹಿಟ್ಟು ಸವರ್ಕೊಂಡಿದ್ದೆ. ಅವರು ಕೇಳಿದ್ರು, ನಾನು ನಗ್ತಾ ಕಡ್ಡೀಲಿ ತೋರಿಸ್ದೆ. ಆಮೇಲೆ ನಿಮ್ಮನ್ನ ಅದೇ ದಾರೀಲಿ ಕಟ್ಟಿ ತಂದ್ರು. ಒಬಡಾಯಣ್ಣನ ಅಪ್ಪ ನನ್ನ ಬಾಗಿಲ ಮುಂದೇನೇ ಎಡವಿದ್ರು, ಟೋಪಿ ಬಿತ್ತು. ನಾನು ಎತ್ತಿಕೊಡಲಿಲ್ಲ. ಲೇಸ್ ಮೇಲೆ ಧೂಳು ಬೀಳುತ್ತೆ ಅಂತ ದಿಂಬು ಮುಚ್ಕೊಂಡೆ. ಬೈತೀರ ಅಂತ ಇಲ್ಲಿಗೆ ಬಂದೆ. ನೀವು ಬೈಲಿಲ್ಲ. ವಾರ ವಾರ ನನಗೋಸ್ಕರ ಬೇಡ್ಕೊಂಡ್ರಿ, ನಾನೂ ನಿಮ್ಮ ಜೊತೆ ಕೂತು ಆಮೆನ್ ಅಂದೆ. ದೇವರು ನನ್ನ ಹಿಡಿದಿದ್ದು ಬಿರುಗಾಳೀಲಿ ಅಲ್ಲ. ಆ ಆಮೆನ್‌ನಲ್ಲಿ."

ಎಲ್ಲರ ಕಣ್ಣೂ ಒಬಡಾಯನ ಮೇಲಿತ್ತು. ಅವನು ಕುಳಿತು, ಲೇಖನಿಯನ್ನು ಶಾಯಿಗೆ ಅದ್ದಿದ.

"ಇನ್ನೊಂದು ಸಲ ಹೇಳು ತಂಗಿ," ಎಂದ. "ನಿಧಾನಕ್ಕೆ ಹೇಳು. ಬಿಸಿಲಿತ್ತು ಅಂದೆ."

ಉಳಿದವರ ಪುಟಗಳಲ್ಲಿ "ಕೃಪೆಯ ಅನುಭವ ಹೇಳಿದರು" ಎಂಬ ಒಂದೇ ಸಾಲು ಇರುತ್ತಿತ್ತು. ಅವತ್ತು ಅವನು ನಾಲ್ಕು ಪುಟ ಬರೆದ. ಹಿಟ್ಟು ಬರೆದ, ಮೂಳೆಕಡ್ಡಿ ಬರೆದ, ತನ್ನ ತಂದೆಯ ಟೋಪಿಯನ್ನೂ ಬರೆದ. ನಂತರ ಪದ್ಧತಿಯಂತೆ ಓದಿ ಹೇಳಿದ.

ಡಮಾರಿಸ್‌ಗೆ ಓದು ಬಾರದು. ಪುಸ್ತಕದಿಂದ ಬರುವುದು ದೇವರ ಮಾತು, ಇಲ್ಲವೇ ದೊಡ್ಡವರ ಮಾತು ಎಂದೇ ಅವಳು ತಿಳಿದಿದ್ದಳು. ಈಗ ಅದೇ ಪುಸ್ತಕದಿಂದ ಅವಳ ಹೊಸ್ತಿಲು ಬಂತು, ಅವಳ ನಗು ಬಂತು, ಆರು ವರ್ಷ ಯಾರಿಗೂ ಕಾಣದಂತೆ ಹೊತ್ತದ್ದೆಲ್ಲ ಒಂದೊಂದಾಗಿ ಬಂತು. ಮೂವತ್ತು ವರ್ಷ ಬದುಕಿದ್ದವಳಿಗೆ ತಾನು ಬದುಕಿದ್ದೇನೆ ಎಂದು ಗೊತ್ತಾದದ್ದು ಆಗಲೇ.

"ಹೀಗೇನಾ?" ಎಂದ ಒಬಡಾಯ.

"ಹಾಗೇ," ಎಂದು ಹೊರಗೆ ಹೋದಳು.

ಹೊರಗೆ ಗೋಡೆಗೊರಗಿ ನಿಂತಳು. ತೀರ್ಮಾನಕ್ಕೆ ಸಾಮಾನ್ಯವಾಗಿ ಎರಡು ನಿಮಿಷ ಸಾಕು. ಅವತ್ತು ಕೊಟ್ಟಿಗೆಯ ನೆರಳು ಅವಳ ಕಾಲು ದಾಟಿ ಬಾವಿಯವರೆಗೆ ಹೋಯಿತು. ಒಳಗೆ ಯಾರೋ ಅಳುತ್ತಿದ್ದರು. ಸೋತೆ ಎಂದುಕೊಂಡಳು. ಆದರೂ ವಿಚಿತ್ರವೆಂದರೆ, ಹೇಳಬಾರದಿತ್ತು ಎಂದು ಮಾತ್ರ ಅವಳಿಗೆ ಅನ್ನಿಸಲಿಲ್ಲ.

ಬಾಗಿಲು ತೆರೆಯಿತು. ಒಬಡಾಯ ಬಲಗೈ ಮುಂದೆ ಚಾಚಿ ನಿಂತಿದ್ದ. ಸಭೆಗೆ ಸೇರಿಸಿಕೊಳ್ಳುವ ಕೈ ಅದು.

"ಕೈಯೆಲ್ಲ ಶಾಯಿಯಾಗಿದೆ," ಎಂದ.

ಲೇಸ್ ಹೆಣೆಯುವವಳು ಕೈಗೆ ಮಸಿ ಸೋಕಿಸಿಕೊಳ್ಳುವುದಿಲ್ಲ. ಡಮಾರಿಸ್ ಆ ಕೈಯನ್ನು ಎರಡೂ ಕೈಯಿಂದ ಹಿಡಿದುಕೊಂಡಳು.

ಒಳಗೆ ಕಾಲಿಡುತ್ತಿದ್ದಂತೆ ಕೆಜಾಯಾ ಅಜ್ಜಿ ಕೋಲು ಕುಟ್ಟಿದಳು. "ಏ ಒಬಡಾಯ, ನಂದು ಒಂದೇ ಸಾಲು ಗೀಚಿದ್ದೀಯಲ್ಲ, ಹೊಡೆದು ಹಾಕು. ಬರೋ ಗುರುವಾರ ನಾನೂ ಸರಿಯಾಗಿ ಹೇಳ್ತೀನಿ. ಕಾಗದ ಜಾಸ್ತಿ ತಂದಿಟ್ಕೋ."

ಈ ಸಲ ಡಮಾರಿಸ್ ಕೂಡ ನಕ್ಕಳು. ಎಲ್ಯಾಕಿಮ್, ಸಭೆ ಮತ್ತೆ ಕೂಡಿದೆ, ಮತ್ತೆ ಪ್ರಾರ್ಥಿಸಿಯೇ ಮುಗಿಸಬೇಕು ಎಂದ. ಒಬಡಾಯ ಎದ್ದ. ರೋಗಿಗಳು, ಬಿತ್ತನೆ, ಎಲ್ಲ ಆಯಿತು. ಎಂದಿನ ಮಾತಿಗೆ ಬಂದು ಅವನು ತಡೆದ.

"ಡಮಾರಿಸ್‌ನ ಕೈಬಿಡಬೇಡ ಕರ್ತನೇ," ಎಂದ.

ಎಲ್ಲರಿಗಿಂತ ಮೊದಲು ಆಮೆನ್ ಅಂದವಳು ಅವಳೇ.